ಗುರುವಿನ ಕ್ಲಾರಿನೆಟ್ ಸಿಕ್ಮೇಲೆ ಬೇರೆ ದಾರಿ ಹಿಡಿದ ಆಂಡಿ ಸ್ಟ್ಯಾಟ್‌ಮನ್

ಎಲ್ರಿಗೂ ನಮಸ್ಕಾರ. ಕ್ಲೆಜ್ಮರ್ ಅಂದ್ರೆ ಪೂರ್ವ ಯೂರೋಪಿನ ಯಹೂದಿಗಳ ಮದುವೆ ಮನೆ ಸಂಗೀತ, ಉಕ್ರೇನು, ಮೊಲ್ಡೋವಾ, ಪೋಲೆಂಡ್ ಕಡೇದು, ಮೊದ್ಲು ಪಿಟೀಲಿಂದೇ ಕಾರುಬಾರು, ಆಮೇಲೆ ಕ್ಲಾರಿನೆಟ್ ಮುಂದೆ ಬಂತು. ಇವತ್ತು ಪೂರ್ತಿ ಚರಿತ್ರೆ ಹೇಳಕ್ಕೆ ಹೋಗಲ್ಲ, ಒಬ್ರ ಬಗ್ಗೆ ಮಾತ್ರ ಮಾತಾಡ್ತೀನಿ.

ಆಂಡಿ ಸ್ಟ್ಯಾಟ್‌ಮನ್ ಅಂತ, ಕ್ಲಾರಿನೆಟ್ಟೂ ಮ್ಯಾಂಡೊಲಿನ್ನೂ ನುಡಿಸೋ ಅಮೆರಿಕದವರು. ಹುಟ್ಟಿದ್ದು 1950ರಲ್ಲಿ, ಬೆಳೆದಿದ್ದು ನ್ಯೂಯಾರ್ಕಿನ ಕ್ವೀನ್ಸ್‌ನಲ್ಲಿ. ಯಹೂದಿ ಹುಡುಗ, ಆದ್ರೆ ಹುಚ್ಚು ಹಿಡಿದಿದ್ದು ಮಾತ್ರ ಅಮೆರಿಕದ ಹಳ್ಳಿಗಾಡಿನ ಬ್ಲೂಗ್ರಾಸ್‌ದು! ಡೇವಿಡ್ ಗ್ರಿಸ್‌ಮನ್ ಹತ್ರ ಮ್ಯಾಂಡೊಲಿನ್ ಕಲಿತ್ರು, ಬ್ಯಾಂಡುಗಳಲ್ಲಿ ನುಡಿಸಿದ್ರು, ಆಮೇಲೆ ಜಾನ್ ಕೋಲ್ಟ್ರೇನ್ ಥರದವರ ಜಾಜ್ ಕೇಳಿ ಸ್ಯಾಕ್ಸೊಫೋನ್ ಎತ್ಕೊಂಡ್ರು. ಇಷ್ಟೆಲ್ಲ ಸುತ್ತಾಡಿ ಆದ್ಮೇಲೆ ನಮ್ಮ ಜನದ್ದೇ ಒಂದು ಸಂಗೀತ ಇತ್ತಲ್ಲ, ಅದೆಲ್ಲಿ ಹೋಯ್ತು ಅಂತ ಹುಡುಕಕ್ಕೆ ಶುರು ಮಾಡಿದ್ರು.

ಎಲ್ಲಿ ಹೋಗಿತ್ತು ಅಂದ್ರೆ, ಯೂರೋಪಲ್ಲಿ ನುಡಿಸ್ತಿದ್ದ ಜನಾನೇ ಹಿಟ್ಲರ್ ಕಾಲದಲ್ಲಿ ಸತ್ತೋದ್ರು. ಅಮೆರಿಕದಲ್ಲಿ 1924ರ ಕಾನೂನು ಬಂದು ವಲಸೆ ಹೆಚ್ಚು ಕಮ್ಮಿ ನಿಂತೋಯ್ತು, ಇಲ್ಲೇ ಹುಟ್ಟಿದ ಮಕ್ಕಳಿಗೆ ಅಪ್ಪಂದಿರ ಮದುವೆ ಟ್ಯೂನು ಬೇಡ, ಸ್ವಿಂಗ್ ಅನ್ನೋ ಕುಣಿಯೋ ಜಾಜ್ ಬೇಕು. ಉಳ್ಕೊಂಡಿದ್ದು ಹಳೇ ಗ್ರಾಮಫೋನಿನ 78 ಆರ್‌ಪಿಎಮ್ ತಟ್ಟೆಗಳು, ಮತ್ತೆ ಕೆಲವು ವಯಸ್ಸಾದವರು.

ಆ ವಯಸ್ಸಾದವರಲ್ಲಿ ದೊಡ್ಡ ಹೆಸರು ಡೇವ್ ಟಾರಸ್. ಉಕ್ರೇನಿನಿಂದ 1921ರಲ್ಲಿ ಬಂದು ನ್ಯೂಯಾರ್ಕಿನ ಮದುವೆಗಳನ್ನ ದಶಕಗಟ್ಟಲೆ ಆಳಿದ ಕ್ಲಾರಿನೆಟ್ ವಾದಕ. ಸ್ಟ್ಯಾಟ್‌ಮನ್ 1970ರ ದಶಕದಲ್ಲಿ ಅವರ ಹತ್ರ ಹೋಗಿ ಕೂತ್ರು. ರೆಕಾರ್ಡ್ ಕೇಳಿ ಟ್ಯೂನ್ ಕಲಿಬಹುದು ಸ್ವಾಮಿ, ಆದ್ರೆ ಸ್ವರ ಬಿಡೋವಾಗ ತುದೀಲಿ ಬಿಕ್ಕಿದ ಹಾಗೆ ಕತ್ತರಿಸೋದು ಇದೆಯಲ್ಲ, ಕ್ರೆಖ್ಟ್ಸ್ ಅಂತಾರೆ, ಅದನ್ನ ಎಲ್ಲಿ ಹಾಕ್ಬೇಕು, ಎಷ್ಟು ಹಾಕ್ಬೇಕು ಅನ್ನೋದು ಎದುರಿಗೆ ಕೂತು ಕೇಳಿದ್ರೇನೇ ಬರೋದು ಅಂತ ನನ್ನ ಅನಿಸಿಕೆ. ಇನ್ನೊಂದು ವಿಷ್ಯ, ಇವರು ಫ್ರೇಗಿಶ್ ಅಂತ ಕರೆಯೋ ಸ್ಕೇಲಿನ ಸ್ವರಗಳು ನಮ್ಮ ಕರ್ನಾಟಕ ಸಂಗೀತದ ವಕುಳಾಭರಣ ರಾಗದವೇ, ಹಿಂದೂಸ್ತಾನಿಯವರು ಬಸಂತ್ ಮುಖಾರಿ ಅಂದ್ಕೊಳ್ಳಿ. ಹಾಗಂತ ರಾಗ ಒಂದೇ ಅಂತ ವಾಟ್ಸಾಪಲ್ಲಿ ಹಾಕ್ಬೇಡಿ ಮತ್ತೆ! ಸ್ವರ ಮಾತ್ರ ಒಂದೇ, ನಡೆ ಬೇರೆ.

1978ರಲ್ಲಿ ಸ್ಟ್ಯಾಟ್‌ಮನ್ ಮತ್ತೆ ಗೆಳೆಯ ಜೆವ್ ಫೆಲ್ಡ್‌ಮನ್ ಎಲ್ಲ ಸೇರಿ ಟಾರಸ್ ಅವರನ್ನ ನ್ಯೂಯಾರ್ಕಲ್ಲಿ ಮತ್ತೆ ವೇದಿಕೆ ಹತ್ತಿಸಿದ್ರು. ಮಾರನೇ ವರ್ಷ ಸ್ಟ್ಯಾಟ್‌ಮನ್, ಫೆಲ್ಡ್‌ಮನ್ ಇಬ್ರದ್ದೇ ಆಲ್ಬಮ್ ಬಂತು, ಫೆಲ್ಡ್‌ಮನ್ ನುಡಿಸಿದ್ದು ತ್ಸಿಂಬಲ್, ನಮ್ಮ ಸಂತೂರಿನ ಜಾತಿದು. ಅಲ್ಲಿಂದ ಒಂದು ಅಲೆ ಎದ್ದಿತು ನೋಡಿ, ಬಾಸ್ಟನ್ನಲ್ಲಿ ಕ್ಲೆಜ್ಮರ್ ಕನ್ಸರ್ವೇಟರಿ ಬ್ಯಾಂಡು, ಆಮೇಲೆ ಕ್ಲೆಜ್‌ಮ್ಯಾಟಿಕ್ಸ್ ಅನ್ನೋ ಇನ್ನೊಂದು ಬ್ಯಾಂಡು, 1995ರಲ್ಲಿ ಇಟ್ಝಾಕ್ ಪರ್ಲ್‌ಮನ್ ಅಂಥ ಪಿಟೀಲಿನವರೂ ಕ್ಲೆಜ್ಮರ್ ಆಲ್ಬಮ್ ಮಾಡಿದ್ರು, ಅದ್ರಲ್ಲಿ ಸ್ಟ್ಯಾಟ್‌ಮನ್ ಬ್ಯಾಂಡೂ ಇತ್ತು.

ಟಾರಸ್ 1989ರಲ್ಲಿ ತೀರ್ಕೊಂಡ್ರು, ತಮ್ಮ ಕ್ಲಾರಿನೆಟ್‌ಗಳನ್ನ ಸ್ಟ್ಯಾಟ್‌ಮನ್ ಅವರಿಗೇ ಬಿಟ್ಟು ಹೋದ್ರು. ಬೇರೆಯವರಾಗಿದ್ರೆ ಗುರುಗಳ ಟ್ಯೂನನ್ನೇ ನುಡಿಸ್ಕೊಂಡು ಜೀವನ ಪೂರ್ತಿ ತಳ್ತಿದ್ರೇನೋ, ಇವರು ಹಾಗೆ ಮಾಡ್ಲಿಲ್ಲ. ಅಷ್ಟೊತ್ತಿಗೆ ಧರ್ಮದ ಕಡೆ ವಾಲಿ ಆರ್ಥೊಡಾಕ್ಸ್, ಅಂದ್ರೆ ಕಟ್ಟಾ ಸಂಪ್ರದಾಯದ ಯಹೂದಿ ಆಗಿದ್ರು, ಹಸಿದಿಮ್ ಅನ್ನೋ ಭಕ್ತರು ಪದಗಳೇ ಇಲ್ದೆ ಹಾಡೋ ನಿಗ್ಗುನ್‌ಗಳನ್ನ ತಗೊಂಡು ಕೋಲ್ಟ್ರೇನ್ ಥರ ಬೆಳೆಸ್ತಾ ಹೋದ್ರು, ಮ್ಯಾಂಡೊಲಿನ್ನೂ ಬಿಡ್ಲಿಲ್ಲ. ಗ್ರಿಸ್‌ಮನ್ ಜೊತೆಗೇ 1995ರಲ್ಲಿ ಯಹೂದಿ ಹಾಡುಗಳ ಆಲ್ಬಮ್ ಮಾಡಿದ್ರು. ಹಳೇ ಕ್ಲೆಜ್ಮರ್ ಕೇಳಕ್ಕೆ ಬಂದೋರಿಗೆ ಇದೇನಪ್ಪಾ ಅನಿಸಿರಬಹುದು, ನನಗಂತೂ ಈ ಘಟ್ಟಾನೇ ಇಷ್ಟ, ಯಾಕಂದ್ರೆ ಟಾರಸ್ ಕೂಡ ಹುಟ್ಟೂರಿಂದ ತಂದಿದ್ದನ್ನ ಹಾಗೇ ಇಟ್ಕೊಂಡಿರಲಿಲ್ಲ, ನ್ಯೂಯಾರ್ಕಿಗೆ ತಕ್ಕ ಹಾಗೆ ಬದಲಾಯಿಸ್ಕೊಂಡಿದ್ರು.

ಅಮೆರಿಕ ಸರ್ಕಾರದ ನ್ಯಾಷನಲ್ ಹೆರಿಟೇಜ್ ಫೆಲೋಶಿಪ್ ಗುರುಗಳಿಗೆ 1984ರಲ್ಲಿ, ಶಿಷ್ಯರಿಗೆ 2012ರಲ್ಲಿ ಬಂತು. ಸರಿ, ಈಗ ಮೊದ್ಲು ಟಾರಸ್ ಅವರ ಒಂದು ಹಳೇ ತಟ್ಟೆ ಹಾಕ್ತೀನಿ, ಆಮೇಲೆ ಸ್ಟ್ಯಾಟ್‌ಮನ್ ನುಡಿಸಿರೋ ಒಂದು ನಿಗ್ಗುನ್, ಪ್ರಶ್ನೆಗಳಿದ್ರೆ ಎರಡೂ ಮುಗಿದ್ಮೇಲೆ ಕೇಳಿ.