ಗಿಡದೊಳಗಿನ ಅಣು ಹುಡುಕಿದ ಅಸೀಮಾ ಚಟರ್ಜಿ

ಕೇಳುಗರಿಗೆ ನಮಸ್ಕಾರ.

ನಿಮ್ಮ ಅಂಗಳದಲ್ಲಿ ಕಾಶಿಕಣಗಿಲೆ ಇದೆಯಾ? ನಿತ್ಯಪುಷ್ಪ ಅಂತಲೂ ಕರೆಯುತ್ತೇವೆ, ಅಲ್ವಾ? ಅದರಲ್ಲಿ ಔಷಧಿ ಇದೆ ಅಂತ ಯಾರು ಬೇಕಾದರೂ ಹೇಳಿಬಿಡಬಹುದು. ಆದರೆ ಅದರೊಳಗೆ ಕೆಲಸ ಮಾಡುವ ವಸ್ತು ಯಾವುದು? ಅದರ ಅಣು ಹೇಗಿದೆ? ಗಿಡ ಗೊತ್ತಿದ್ದರೆ ಸಾಲದು, ಅಣು ಗೊತ್ತಾಗಬೇಕು. ಅದಕ್ಕಾಗಿ ಇಡೀ ಜೀವಮಾನ ಕೊಟ್ಟವರು ಕಲ್ಕತ್ತೆಯ ಸಾವಯವ ರಸಾಯನಶಾಸ್ತ್ರದ ಪ್ರೊಫೆಸರ್ ಅಸೀಮಾ ಚಟರ್ಜಿ.

ಹುಟ್ಟಿದ್ದು 1917ರಲ್ಲಿ. ತಂದೆ ಡಾಕ್ಟರು. ಅವರಿಗಿದ್ದ ಗಿಡಮರಗಳ ಹುಚ್ಚು ಮಗಳಿಗೂ ಹತ್ತಿತು.

ಈ ಕೆಲಸ ಎಂಥದ್ದು ಅಂತ ನನಗೆ ತಿಳಿದದ್ದು ಎಂ.ಎಸ್ಸಿ. ಓದುವಾಗ. ಕರಿಮೆಣಸಿನಿಂದ ಪೈಪರೀನ್ ತೆಗೆಯಬೇಕಿತ್ತು. ಮೆಣಸಿನ ಖಾರ ಅಂದರೆ ಅದೇ. ಅಮ್ಮ ಊರಿಂದ ಕಟ್ಟಿಕೊಟ್ಟಿದ್ದ ಮೆಣಸನ್ನೇ ಪುಡಿ ಮಾಡಿ ಆಲ್ಕೋಹಾಲಿನಲ್ಲಿ ಎರಡು ಗಂಟೆ ಕುದಿಸಿದೆ. ಸೋಸಿದೆ, ಇಂಗಿಸಿದೆ. ಸಿಕ್ಕಿದ್ದು ಡಾಂಬರಿನಂಥ ಅಂಟು! ಅಳುವುದೊಂದು ಬಾಕಿ. ಅದಕ್ಕೆ ಪೊಟ್ಯಾಷ್ ಕರಗಿಸಿದ ಆಲ್ಕೋಹಾಲ್ ಹಾಕಿ, ಮತ್ತೆ ಸೋಸಿ, ತೊಟ್ಟು ತೊಟ್ಟಾಗಿ ನೀರು ಬಿಟ್ಟು ರಾತ್ರಿಯಿಡೀ ಇಟ್ಟೆ. ಬೆಳಿಗ್ಗೆ ನೋಡಿದರೆ ತಳದಲ್ಲಿ ಹಳದಿ ಸೂಜಿಗಳು! 20 ಗ್ರಾಂ ಮೆಣಸಿಗೆ ಒಂದು ಗ್ರಾಂ ಕೂಡ ಇರಲಿಲ್ಲ. ಆದರೂ ಆ ಬಾಟಲಿ ಹಿಡಿದು ಹಾಸ್ಟೆಲ್ಲೆಲ್ಲ ಓಡಾಡಿದೆ.

ನನ್ನದು ಸುಲಭದ ಕೆಲಸ. ಪೈಪರೀನಿನ ರಚನೆ ಪುಸ್ತಕದಲ್ಲೇ ಇತ್ತು. ಸರ್ಪಗಂಧ ಅನ್ನುವ ಔಷಧಿ ಗಿಡದ ಬೇರಿನ ಅಣುಗಳ ಹಿಂದೆ ಬಿದ್ದ ಅಸೀಮಾ ಅವರಿಗೆ ಅಂಥ ಪುಸ್ತಕ ಇರಲಿಲ್ಲ. ಗಿಡ ಎಲ್ಲರಿಗೂ ಗೊತ್ತಿತ್ತು. ಅಣು ಗೊತ್ತಾಗಬೇಕಿತ್ತು.

ಸಮಯ ಜಾಸ್ತಿ ಉಳಿದಿಲ್ಲ, ಬೇಗ ಹೇಳುತ್ತೇನೆ. 1940ರಲ್ಲಿ ಕಲ್ಕತ್ತೆಯ ಲೇಡಿ ಬ್ರೇಬೋರ್ನ್ ಕಾಲೇಜಿನಲ್ಲಿ ರಸಾಯನಶಾಸ್ತ್ರ ವಿಭಾಗ ಕಟ್ಟಿದರು. 1944ರಲ್ಲಿ ಡಿ.ಎಸ್ಸಿ., ಅಂದರೆ ವಿಜ್ಞಾನದ ಡಾಕ್ಟರೇಟ್ ಪಡೆದರು. 1947ರಲ್ಲಿ ಪುಟ್ಟ ಮಗಳನ್ನು ಕರೆದುಕೊಂಡೇ ಅಮೆರಿಕಕ್ಕೆ ಹೋದರು. ಆಮೇಲೆ ಸ್ವಿಟ್ಜರ್ಲೆಂಡಿನ ಜ್ಯೂರಿಕ್‌ನಲ್ಲಿ ನೊಬೆಲ್ ವಿಜ್ಞಾನಿ ಪಾಲ್ ಕಾರರ್ ಜೊತೆ ಕೆಲಸ. 1961ರಲ್ಲಿ ವಿಜ್ಞಾನಿಗಳಿಗೆ ಕೊಡುವ ಭಟ್ನಾಗರ್ ಪ್ರಶಸ್ತಿ. 1962ರಿಂದ 20 ವರ್ಷ ಕಲ್ಕತ್ತಾ ವಿಶ್ವವಿದ್ಯಾಲಯದಲ್ಲಿ ಖೈರಾ ಪ್ರೊಫೆಸರ್ ಅನ್ನುವ ಗೌರವದ ಹುದ್ದೆ.

ಅವರ ಬಗ್ಗೆ ಮಾತು ಬಂದಾಗಲೆಲ್ಲ ಮೊದಲ ಮಹಿಳೆ, ಮೊದಲ ಮಹಿಳೆ ಅಂತ ಹೇಳಿ ಮುಗಿಸಿಬಿಡುತ್ತಾರೆ. ನಿಜ, ಭಾರತದ ವಿಶ್ವವಿದ್ಯಾಲಯದಿಂದ ಡಿ.ಎಸ್ಸಿ. ಪಡೆದ ಮೊದಲ ಮಹಿಳೆ ಅವರು. ಭಟ್ನಾಗರ್ ಪ್ರಶಸ್ತಿ ಪಡೆದ ಮಹಿಳೆಯರಲ್ಲೂ ಅವರೇ ಮೊದಲು. ಆದರೆ ಅವರು ಮಾಡಿದ್ದೇನು ಅಂತ ಕೇಳಿ ಸ್ವಾಮಿ! ಕಾಶಿಕಣಗಿಲೆಯೊಳಗಿನ, ದೇಹದ ಮೇಲೆ ಪರಿಣಾಮ ಬೀರುವ ಅಲ್ಕಲಾಯ್ಡ್ ಅನ್ನುವ ವಸ್ತು‌ಗಳ ಮೇಲೆ ಕೆಲಸ ಮಾಡಿದರು. ಬಂಗಾಳದಲ್ಲಿ ಶುಶನಿ ಶಾಕ್ ಅನ್ನುವ ನಾಲ್ಕೆಲೆಯ ಸೊಪ್ಪೊಂದು ಗದ್ದೆಯ ನೀರಿನಲ್ಲಿ ಸುಮ್ನೆ ಬೆಳೆಯುತ್ತದೆ. ಅದರ ಜೊತೆ ಜಟಾಮಾಂಸಿ ಅನ್ನುವ ಮೂಲಿಕೆ ಸೇರಿಸಿ ಮೂರ್ಛೆರೋಗಕ್ಕೆ ಆಯುಷ್-56 ಅನ್ನುವ ಔಷಧಿ ರೂಪಿಸಿದರು. ಅವರು ತೀರಿಕೊಂಡದ್ದು 2006ರಲ್ಲಿ.

ನಮಸ್ಕಾರ.