ಒಲಿಂಪಸ್‌ನಲ್ಲಿ ದುಡಿಯುವವನು ಒಬ್ಬನೇ

ನಮಸ್ಕಾರ. ಗ್ರೀಕ್ ಪುರಾಣ ಅಂದ ತಕ್ಷಣ ನೆನಪಾಗುವ ಹೆಸರುಗಳು ನಿಮಗೆ ಗೊತ್ತೇ ಇವೆ. ಸಿಡಿಲು ಹಿಡಿದ ಜ್ಯೂಸ್. ತ್ರಿಶೂಲದ ಪೊಸೈಡನ್. ಹಿಮ್ಮಡಿಗೆ ಬಾಣ ತಿಂದ ಅಕಿಲೀಸ್. ಇವತ್ತು ಅವರನ್ನೆಲ್ಲ ಪಕ್ಕಕ್ಕಿಟ್ಟು ಒಬ್ಬನ ಪರ ವಕಾಲತ್ತು ವಹಿಸುತ್ತೇನೆ. ಹೆಸರು ಹೆಫೈಸ್ಟಸ್. ಬೆಂಕಿಯ ದೇವರು, ಕಮ್ಮಾರರ ದೇವರು. ಕಾಲು ಕುಂಟು. ಒಲಿಂಪಸ್ ಬೆಟ್ಟದ ಮೇಲಿರುವ ಅಷ್ಟು ದೇವರುಗಳಲ್ಲಿ ಮೈ ಬೆವರಿಸಿ ದುಡಿಯುವವನು ಇವನೊಬ್ಬನೇ. ನನಗೆ ಗೌರವ ಇರುವುದೂ ಇವನ ಮೇಲೇ.

ಇವನನ್ನು ಮೇಲಿನಿಂದ ಎರಡು ಸಲ ಎಸೆದಿದ್ದಾರೆ. ಒಂದು ಸಲ ಎಸೆದವಳು ಹೆತ್ತ ತಾಯಿ ಹೀರಾ. ಮಗ ಕುಂಟ, ಯಾರ ಕಣ್ಣಿಗೂ ಬೀಳಬಾರದು ಅಂತ. ಸಮುದ್ರದ ದೇವತೆಯರಾದ ಥೆಟಿಸ್ ಮತ್ತು ಯುರಿನೋಮಿ ಅವನನ್ನು ಎತ್ತಿಕೊಂಡರು. ಒಂಬತ್ತು ವರ್ಷ ಒಂದು ಗುಹೆಯಲ್ಲಿ ಬಚ್ಚಿಟ್ಟುಕೊಂಡು, ಅವರಿಗಾಗಿ ಒಡವೆ ಮಾಡುತ್ತಾ ಕಳೆದ. ಇನ್ನೊಂದು ಸಲ ಎಸೆದವನು ಜ್ಯೂಸ್. ಗಂಡ ಹೆಂಡಿರ ಜಗಳದಲ್ಲಿ ಹೆಫೈಸ್ಟಸ್ ಅಮ್ಮನ ಪರ ನಿಂತಿದ್ದಕ್ಕೆ ಕಾಲು ಹಿಡಿದು ಬೀಸಿ ಎಸೆದ. ಇಡೀ ದಿನ ಬೀಳುತ್ತಲೇ ಇದ್ದನಂತೆ. ಹೊತ್ತು ಮುಳುಗುವಾಗ ಲೆಮ್ನೋಸ್ ದ್ವೀಪಕ್ಕೆ ಬಂದು ಬಿದ್ದ. ಎರಡೂ ಕಥೆ ಟ್ರಾಯ್ ಯುದ್ಧದ ಮಹಾಕಾವ್ಯವಾದ ಹೋಮರನ ಇಲಿಯಡ್‌ನಲ್ಲೇ ಇವೆ. ಯಾವುದು ಮೊದಲು, ಯಾವುದು ಆಮೇಲೆ ಅಂತ ಕೇಳಬೇಡಿ. ಪುರಾಣಕ್ಕೆ ಆ ಚಿಂತೆ ಇಲ್ಲ.

ಇಲಿಯಡ್‌ನ ಮೊದಲ ಅಧ್ಯಾಯದ ಕೊನೆಗೆ ಬನ್ನಿ. ಜ್ಯೂಸ್ ಮತ್ತು ಹೀರಾ ಮತ್ತೆ ಕಿತ್ತಾಡುತ್ತಿದ್ದಾರೆ. ದೇವರ ಸಭೆಯೆಲ್ಲ ಬಿಗುವಾಗಿದೆ. ಆಗ ಹೆಫೈಸ್ಟಸ್ ಎದ್ದು ಅಮ್ಮನ ಕೈಗೆ ಬಟ್ಟಲು ಕೊಡುತ್ತಾನೆ. ಸ್ವಲ್ಪ ತಾಳ್ಮೆ ತಗೋ ಅನ್ನುತ್ತಾನೆ. ತಾನು ಬಿದ್ದ ಕಥೆಯನ್ನು ತಾನೇ ಹೇಳುತ್ತಾನೆ. ಆಮೇಲೆ ಕುಂಟುತ್ತಾ ಎಲ್ಲರಿಗೂ ಅಮೃತ ಬಡಿಸಿಕೊಂಡು ಹೋಗುತ್ತಾನೆ. ಅವನ ಓಡಾಟ ನೋಡಿ ಸಭೆ ಬಿದ್ದು ಬಿದ್ದು ನಗುತ್ತದೆ. ಜಾಸ್ತಿ ಜನ ಇದನ್ನು ಹಾಸ್ಯ ಅಂತ ಓದಿ ಮುಂದೆ ಹೋಗುತ್ತಾರೆ. ಆದರೆ ಜಗಳ ಅಲ್ಲಿಗೇ ನಿಂತಿತು, ಅಲ್ವಾ? ಅವನು ಬೇಕಂತಲೇ ಹಾಗೆ ಮಾಡಿದ ಅಂತ ನನ್ನ ವಾದ. ಮನೆ ಉಳಿಸಲು ತನ್ನನ್ನೇ ನಗೆಪಾಟಲು ಮಾಡಿಕೊಂಡ.

ನಕ್ಕವರು ದೇವರುಗಳು, ಹೋಮರ್ ನಗಲಿಲ್ಲ. ಅದು ಗೊತ್ತಾಗಬೇಕಾದರೆ 18ನೇ ಅಧ್ಯಾಯ ಓದಬೇಕು. ಅಕಿಲೀಸನ ಗೆಳೆಯ ಪೆಟ್ರೋಕ್ಲಸ್ ಸತ್ತಿದ್ದಾನೆ. ಅವನು ತೊಟ್ಟಿದ್ದ ಅಕಿಲೀಸನ ಕವಚ ಶತ್ರುಪಕ್ಷದ ವೀರ ಹೆಕ್ಟರನ ಪಾಲಾಗಿದೆ. ಹೊಸದು ಬೇಕು ಅಂತ ಅಕಿಲೀಸನ ತಾಯಿ ಹೆಫೈಸ್ಟಸನ ಮನೆಗೆ ಬರುತ್ತಾಳೆ. ಆ ತಾಯಿ ಯಾರು ಅಂದರೆ ಅವತ್ತು ಅವನನ್ನು ಎತ್ತಿಕೊಂಡ ಥೆಟಿಸ್! ಅವಳು ಬರುವ ಹೊತ್ತಿಗೆ ಇವನು ತಿದಿಗಳ ಸುತ್ತ ಬೆವರು ಸುರಿಸುತ್ತಾ ಓಡಾಡುತ್ತಿದ್ದಾನೆ. ಮೂರು ಕಾಲಿನ 20 ಪೀಠಗಳನ್ನು ಮಾಡುತ್ತಿದ್ದಾನೆ. ಪ್ರತಿಯೊಂದಕ್ಕೂ ಚಿನ್ನದ ಚಕ್ರ. ಅವು ದೇವರ ಸಭೆಗೆ ತಾವೇ ಹೋಗಿ ತಾವೇ ಮನೆಗೆ ವಾಪಸ್ ಬರುತ್ತವೆ. ಹಿಡಿಕೆ ಮಾತ್ರ ಇನ್ನೂ ಕೂಡಿಸಿಲ್ಲ, ಅದಕ್ಕೆ ಮೊಳೆ ತಯಾರಾಗುತ್ತಿದೆ. ನೋಡಿ, ಹೋಮರ್ ಆ ಮೊಳೆಯನ್ನೂ ಬಿಟ್ಟಿಲ್ಲ.

ಥೆಟಿಸ್ ಬಂದಿದ್ದಾಳೆ ಅಂತ ತಿಳಿದ ಕೂಡಲೇ ತಿದಿಗಳನ್ನು ಬೆಂಕಿಯಿಂದ ದೂರ ಸರಿಸುತ್ತಾನೆ. ಸಾಮಾನುಗಳನ್ನೆಲ್ಲ ಒಟ್ಟು ಮಾಡಿ ಬೆಳ್ಳಿಯ ಪೆಟ್ಟಿಗೆಯಲ್ಲಿ ಇಡುತ್ತಾನೆ. ಸ್ಪಂಜು ತಗೊಂಡು ಮುಖ, ಎರಡೂ ಕೈ, ಕತ್ತು, ರೋಮ ತುಂಬಿದ ಎದೆ ಒರೆಸಿಕೊಳ್ಳುತ್ತಾನೆ. ಅಂಗಿ ತೊಟ್ಟು, ಕೋಲು ಹಿಡಿದು ಹೊರಗೆ ಬರುತ್ತಾನೆ. ಅವನಿಗೆ ಆಸರೆ ಕೊಡಲು ಚಿನ್ನದಲ್ಲಿ ಮಾಡಿದ ಹುಡುಗಿಯರು. ಅವರಿಗೆ ಬುದ್ಧಿ ಇದೆ, ಮಾತು ಬರುತ್ತದೆ. ರೋಬೋಟ್ ಅಂತ ಈಗಿನವರು ಕುಣಿಯುವುದು ಇದೇ ಭಾಗ ಓದಿ. ನನಗೆ ಮಾತ್ರ ಆ ಸ್ಪಂಜೇ ಇಷ್ಟ. ಮನೆಗೆ ಯಾರೋ ಬಂದರು ಅಂತ ಅವಸರದಲ್ಲಿ ಬೆವರು ಒರೆಸಿಕೊಳ್ಳುವ ದೇವರನ್ನು ಬೇರೆಲ್ಲಿ ನೋಡಿದ್ದೀರಿ?

ಆಮೇಲೆ ಗುರಾಣಿ ಮಾಡುತ್ತಾನೆ. ಕೊಲ್ಲಲು ಹೊರಟವನ ಗುರಾಣಿ. ಅದರ ಮೇಲೆ ಏನಿದೆ ಗೊತ್ತಾ? ಯುದ್ಧವೂ ಇದೆ. ಆದರೆ ಮದುವೆ ಮೆರವಣಿಗೆ ಇದೆ. ಕೊಲೆಯಾದವನ ಪರಿಹಾರದ ಬಗ್ಗೆ ನ್ಯಾಯ ಹೇಳುವ ಹಿರಿಯರಿದ್ದಾರೆ. ಹೊಲ ಉಳುವವನು ಸಾಲಿನ ಕೊನೆ ಮುಟ್ಟಿದಾಗಲೆಲ್ಲ ಅವನ ಕೈಗೆ ಒಂದು ಬಟ್ಟಲು ದ್ರಾಕ್ಷಾರಸ ಕೊಡುತ್ತಾರೆ. ದುಡಿಯುವವನಿಗೆ ದಣಿವು ಅಂದರೇನು ಅಂತ ಗೊತ್ತಿರುವವನು ಮಾತ್ರ ಆ ಬಟ್ಟಲನ್ನು ಅಲ್ಲಿ ಕೆತ್ತುತ್ತಾನೆ.

ಹಾಗಂತ ಇವನೇನು ಸಾಧು ಅಲ್ಲ. ಹೆಂಡತಿ ಅಫ್ರೋಡೈಟಿ ಮತ್ತು ಅವಳ ಪ್ರಿಯಕರ, ಯುದ್ಧದ ದೇವರು ಏರೀಸ್‌ನನ್ನು ಹಾಸಿಗೆಯಲ್ಲೇ ಬಲೆ ಹಾಕಿ ಹಿಡಿದು, ದೇವರನ್ನೆಲ್ಲ ಕರೆದು ತೋರಿಸಿದ. ತನ್ನ ಮಾನವೂ ಅದರ ಜೊತೆ ಹೋಯಿತು. ಜ್ಞಾನದ ದೇವತೆ ಅಥೀನಾ ಮೇಲೆ ಬಲಾತ್ಕಾರಕ್ಕೆ ಹೋದ ಕಥೆಯೂ ಇದೆ. ಅದಕ್ಕೆ ನನ್ನ ಬಳಿ ಸಮರ್ಥನೆ ಇಲ್ಲ, ಹುಡುಕುವುದೂ ಇಲ್ಲ.

ಕುಂಟು ಯಾಕೆ ಅನ್ನೋದಕ್ಕೆ ಒಂದು ವಿವರಣೆ ಓಡಾಡುತ್ತದೆ. ಹಳೆಯ ಕಾಲದ ಕಂಚಿನಲ್ಲಿ ತಾಮ್ರದ ಜೊತೆ ಆರ್ಸೆನಿಕ್ ಇರುತ್ತಿತ್ತು. ಅದರ ಹೊಗೆ ನರಗಳಿಗೆ ವಿಷ. ಕಾಲು ಸೋತ ಕಮ್ಮಾರರನ್ನು ನೋಡಿಯೇ ಕಾಲು ಸೋತ ದೇವರು ಹುಟ್ಟಿದನೇನೋ ಅಂತ. ಊಹೆ ಅಷ್ಟೇ, ಆದರೆ ತಳ್ಳಿಹಾಕುವಂಥದ್ದಲ್ಲ.

ನನ್ನನ್ನು ಜಾಸ್ತಿ ಕಾಡುವುದು ಮಾತ್ರ ಬೇರೆ ದೃಶ್ಯ. ಹಳೆಯ ಗ್ರೀಕ್ ನಾಟಕಕಾರ ಈಸ್ಕಿಲಸನ ಹೆಸರಲ್ಲಿ ಉಳಿದಿರುವ ಪ್ರೊಮಿಥಿಯಸ್ ನಾಟಕದ ಶುರುವಿನದು. ಮನುಷ್ಯರಿಗೆ ಬೆಂಕಿ ಕದ್ದು ಕೊಟ್ಟ ಪ್ರೊಮಿಥಿಯಸ್‌ನನ್ನು ಬಂಡೆಗೆ ಬಿಗಿಯಬೇಕು. ಕದ್ದದ್ದು ಹೆಫೈಸ್ಟಸನದೇ ಬೆಂಕಿ. ಆದರೂ ಅವನಿಗೆ ಕೈ ಬರುವುದಿಲ್ಲ. ಇವನು ನನ್ನವನು, ಜೊತೆಗಾರ ಅನ್ನುತ್ತಾನೆ. ಪಕ್ಕದಲ್ಲಿ ಜ್ಯೂಸ್ ಕಳಿಸಿದ ಕ್ರೇಟೋಸ್, ಅಂದರೆ ಬಲವೇ ಮೈತಾಳಿ ಬಂದವನು, ನಿಂತಿದ್ದಾನೆ. ಇನ್ನೂ ಜೋರಾಗಿ ಬಡಿ, ಎದೆಗೂ ಮೊಳೆ ಹೊಡಿ ಅಂತ ಮೇಸ್ತ್ರಿಯ ಹಾಗೆ ಗದರುತ್ತಾನೆ. ಹೆಫೈಸ್ಟಸ್ ತನ್ನ ಕಸುಬನ್ನೇ ಶಪಿಸುತ್ತಾನೆ. ಕಸುಬಿನದೇನು ತಪ್ಪು ಅಂತ ಕ್ರೇಟೋಸ್ ಕೇಳುತ್ತಾನೆ. ಮಾತು ಸರಿಯೇ, ಆದರೆ ಅದು ಸುತ್ತಿಗೆ ಹಿಡಿಯದವನ ಮಾತು. ಕೊನೆಗೆ ಹೆಫೈಸ್ಟಸ್ ಬಡಿದೇ ಬಡಿಯುತ್ತಾನೆ. ಬೇಡ ಅನ್ನುವ ಧೈರ್ಯ ಅವನಿಗೆ ಬರಲಿಲ್ಲ. ನಾನು ವಕಾಲತ್ತು ವಹಿಸಿದವನ ಅತಿ ದೊಡ್ಡ ಸೋಲು ಇದು.

ಅಥೆನ್ಸ್‌ಗೆ ಹೋದವರೆಲ್ಲ ನೇರ ಅಕ್ರೋಪೊಲಿಸ್ ಗುಡ್ಡ ಹತ್ತುತ್ತಾರೆ. ಕೆಳಗೆ ಅಗೋರಾ ಅನ್ನುವ ಹಳೆಯ ಸಂತೆಮಾಳದ ದಿಬ್ಬದ ಮೇಲೆ ಇವನ ಗುಡಿ ಇದೆ. ಕಟ್ಟಲು ಶುರುಮಾಡಿದ್ದು ಕ್ರಿ.ಪೂ. 449ರ ಸುಮಾರಿಗೆ. ಆಸುಪಾಸಿನಲ್ಲಿ ಅಗೆದಾಗ ಕಂಚು ಎರಕ ಹೊಯ್ಯುತ್ತಿದ್ದ ಗುಂಡಿಗಳು ಸಿಕ್ಕಿವೆ. ಅಂದರೆ ಗುಡಿಯ ಸುತ್ತ ಇದ್ದವರು ಇವನ ಜನವೇ. ಅದೇ ಊರಿನ ಜ್ಯೂಸ್ ದೇವಾಲಯದಲ್ಲಿ 104 ಕಂಬ ಇದ್ದವು, ಈಗ ನಿಂತಿರುವುದು 15. ಹೆಫೈಸ್ಟಸನ ಗುಡಿಯ ಕಂಬಗಳು ಇವತ್ತಿಗೂ ಸಾಲಾಗಿ ನಿಂತಿವೆ. ಇದರಲ್ಲಿ ಪವಾಡ ಹುಡುಕಬೇಡಿ, ಅದನ್ನು ಚರ್ಚ್ ಮಾಡಿಕೊಂಡಿದ್ದರು, ಹಾಗಾಗಿ ಉಳಿಯಿತು. ಇನ್ನೊಂದು ತಮಾಷೆ ಅಂದರೆ, ಕಂಬಗಳ ಮೇಲಿನ ಫಲಕಗಳಲ್ಲಿ ಥೀಸಿಯಸ್‌ನ ಸಾಹಸಗಳನ್ನು ಕೆತ್ತಿದ್ದರಿಂದ ಬಹಳ ಕಾಲ ಜನ ಅದನ್ನು ಥೀಸಿಯಸ್‌ನ ಗುಡಿ ಅಂತಲೇ ಕರೆಯುತ್ತಿದ್ದರು. ಇವನು ಕಟ್ಟಿಸಿಕೊಂಡಿದ್ದರ ಹೆಸರನ್ನೂ ಒಬ್ಬ ವೀರ ಹೊಡೆದುಕೊಂಡು ಹೋಗಿದ್ದ.