ಸೋತವರಿಗೆ ಮರ್ಯಾದೆ ಕೊಡೋದು ಯಾವಾಗ?

[ದೃಶ್ಯ: ಸೀರಿಯಲ್ ಮನೆಯ ದೊಡ್ಡ ಹಾಲ್, ಮೆಟ್ಟಿಲು]

ನಮಸ್ಕಾರ. ಸೀರಿಯಲ್ ನೋಡುವವರಿಗೆ ಇದು ಬಾಯಿಪಾಠ. ಬಡವರ ಮನೆ ಸೊಸೆ ತಲೆ ತಗ್ಗಿಸಿ ನಿಂತಿದ್ದಾಳೆ. ಅತ್ತೆ ಬಾಯಿಗೆ ಬಂದಂತೆ ಬೈಯುತ್ತಿದ್ದಾಳೆ. ಕ್ಯಾಮೆರಾ ಮನೆಯವರ ಮುಖವನ್ನೆಲ್ಲ ಮೂರು ಮೂರು ಸಲ ತೋರಿಸುತ್ತದೆ. ಮುಂದೊಂದು ದಿನ ಆ ಸೊಸೆ ಡಿಸಿ ಆಗಿಯೋ, ಕಂಪನಿ ಓನರ್ ಆಗಿಯೋ ಕಾರಿನಿಂದ ಇಳಿಯುತ್ತಾಳೆ. ಅತ್ತೆ ಬಾಯಿ ಬಂದ್.

ನಮಗೂ ಖುಷಿ. ಆದರೆ ಅಲ್ಲಿ ಗೆದ್ದಿದ್ದು ಅತ್ತೆಯೇ. ದುಡ್ಡು, ಹುದ್ದೆ ಇದ್ದವರಿಗೆ ಮಾತ್ರ ಮರ್ಯಾದೆ ಅಂತ ಅವಳು ಮೊದಲಿಂದ ಹೇಳುತ್ತಿದ್ದಳು, ಅಲ್ವಾ? ಸೊಸೆ ಮಲ್ಲೇಶ್ವರದಲ್ಲಿ ಹೂವು ಮಾರಿಕೊಂಡೇ ಇದ್ದಿದ್ದರೆ ಅವಳಿಗೆ ಯಾರು ಕುರ್ಚಿ ಹಾಕುತ್ತಿದ್ದರು?

[ದೃಶ್ಯ: ಜಿ.ಆರ್. ವಿಶ್ವನಾಥ್ ಅವರ ಹಳೆಯ ಫೋಟೋ]

ಈಗ ಕ್ರಿಕೆಟ್‌ಗೆ ಬರೋಣ. ಭದ್ರಾವತಿಯ ವಿಶ್ವನಾಥ್ 1969ರಲ್ಲಿ ಕಾನ್ಪುರದಲ್ಲಿ ಮೊದಲ ಟೆಸ್ಟ್ ಆಡಿದರು. ಮೊದಲ ಇನ್ನಿಂಗ್ಸ್‌ನಲ್ಲಿ ಸೊನ್ನೆ, ಎರಡನೆಯದರಲ್ಲಿ 137. ಈ ಕಥೆ ಎಲ್ಲರಿಗೂ ಇಷ್ಟ, ಕೊನೆಗೆ ಸೆಂಚುರಿ ಇದೆಯಲ್ಲ!

ನನಗೆ ಜಾಸ್ತಿ ಇಷ್ಟ 1980ರದ್ದು. ಬಾಂಬೆಯಲ್ಲಿ ಇಂಗ್ಲೆಂಡ್ ವಿರುದ್ಧದ ಸುವರ್ಣ ಮಹೋತ್ಸವ ಟೆಸ್ಟ್. ವಿಶ್ವನಾಥ್ ಕ್ಯಾಪ್ಟನ್. ಐದು ವಿಕೆಟ್ ಬಿದ್ದು ಇಂಗ್ಲೆಂಡ್ ಒದ್ದಾಡುತ್ತಿತ್ತು. ಬಾಬ್ ಟೇಲರ್ ಕ್ಯಾಚ್ ಔಟ್ ಅಂತ ಅಂಪೈರ್ ಬೆರಳೆತ್ತಿದರು. ಚೆಂಡು ಬ್ಯಾಟಿಗೆ ತಾಗಿಲ್ಲ ಅನ್ನಿಸಿ ವಿಶ್ವನಾಥ್ ಟೇಲರ್‌ರನ್ನು ವಾಪಸ್ ಕರೆದರು. ಟೇಲರ್ 43 ಹೊಡೆದರು. ಬೋಥಮ್ ಜೊತೆ 171 ರನ್ ಸೇರಿಸಿದರು. ಭಾರತ 10 ವಿಕೆಟ್‌ಗಳಿಂದ ಸೋತಿತು. ವಿಶ್ವನಾಥ್ ನಾಯಕರಾಗಿದ್ದು ಎರಡೇ ಟೆಸ್ಟ್‌ಗೆ, ಒಂದನ್ನೂ ಗೆಲ್ಲಲಿಲ್ಲ. ಈ ಕಥೆಯಲ್ಲಿ ಕಾರಿನಿಂದ ಇಳಿಯುವ ಸೀನೇ ಇಲ್ಲ. ಆದರೂ ಬೆಂಗಳೂರಿನ ಹಳೆ ಕ್ರಿಕೆಟ್ ಪ್ರೇಮಿಗಳ ಮುಂದೆ ವಿಶಿ ಬಗ್ಗೆ ಹಗುರವಾಗಿ ಮಾತಾಡಿ ನೋಡಿ!

[ದೃಶ್ಯ: ಚಿನ್ನಸ್ವಾಮಿ ಹೊರಗೆ ಕೆಂಪು ಜೆರ್ಸಿ ಅಂಗಡಿಗಳು]

ಸೋತವರನ್ನು ಪ್ರೀತಿಸೋದು ನಮಗೆ ಬರುತ್ತೆ ರೀ. ಆರ್‌ಸಿಬಿ 2016ರ ಐಪಿಎಲ್ ಫೈನಲ್ಲನ್ನು ಇದೇ ಮೈದಾನದಲ್ಲಿ 8 ರನ್‌ಗಳಿಂದ ಸೋತಿತು. ಮರುವರ್ಷ ಕೋಲ್ಕತ್ತಾದಲ್ಲಿ 49ಕ್ಕೆ ಆಲೌಟ್. 2024ರವರೆಗೆ 17 ಸೀಸನ್ ಗಂಡಸರ ತಂಡಕ್ಕೆ ಕಪ್ಪೇ ಇರಲಿಲ್ಲ. ಹೆಂಗಸರು ಆ ವರ್ಷವೇ ಗೆದ್ದುಬಿಟ್ಟಿದ್ದರು, ಅದು ಬೇರೆ ಮಾತು. ಆದರೂ ಪ್ರತಿ ವರ್ಷ 'ಈ ಸಲ ಕಪ್ ನಮ್ದೇ'.

ಅದೇ ನಾವು, ಗಣಿತದಲ್ಲಿ ಫೇಲಾದ ಹುಡುಗ ಮನೆಯಲ್ಲಿದ್ದರೆ ಮದುವೆಗೂ ಕರೆದುಕೊಂಡು ಹೋಗಲ್ಲ. ನೆಂಟರು ಮಾರ್ಕ್ಸ್ ಕೇಳ್ತಾರಂತೆ. ಪರೀಕ್ಷಾ ಮಂಡಳಿಯೇ ಎಷ್ಟೋ ವಾಸಿ. 2024ರಲ್ಲಿ ಎಸ್ಸೆಸ್ಸೆಲ್ಸಿಗೆ ವರ್ಷದಲ್ಲಿ ಮೂರು ಪರೀಕ್ಷೆ ಇಟ್ಟಿತ್ತು. ಜಾಸ್ತಿ ಬಂದ ಅಂಕವನ್ನೇ ಉಳಿಸಿಕೊಳ್ಳಬಹುದಿತ್ತು. ರಿಸಲ್ಟ್ ದಿನ ತಪ್ಪದೆ ಫೋನ್ ಮಾಡುವ ದೊಡ್ಡಪ್ಪಂದಿರಿಗೆ ಈ ವಿಡಿಯೋ ಕಳಿಸಿ.